ಉಬ್ಬುಶಿಲ್ಪ: ಚಾಣದಿಂದ ಗಣಕದವರೆಗೆ

ಶಿಲ್ಪಶಾಸ್ತ್ರದಲ್ಲಿ ರೂಪಗಳು ಮೂರು ಬಗೆ. ಎಲ್ಲ ಬದಿಯಿಂದಲೂ ಕಾಣುವ ಪೂರ್ಣ ಮೂರ್ತಿ ಚಿತ್ರ. ಹಿನ್ನೆಲೆಗೆ ಅಂಟಿಕೊಂಡು ಮುಂಭಾಗವಷ್ಟೇ ಮೂಡಿದ್ದು ಚಿತ್ರಾರ್ಧ. ಬಣ್ಣದಲ್ಲಿ ಬರೆದದ್ದು ಚಿತ್ರಾಭಾಸ. ಉಬ್ಬುಶಿಲ್ಪವೆಂದರೆ ಈ ಚಿತ್ರಾರ್ಧವೇ. ತೆಳುವಾದ ದಪ್ಪದಲ್ಲಿ ಇಡೀ ಮೈಯ ತುಂಬುತನವನ್ನು ಕಾಣಿಸಬೇಕಾದ್ದರಿಂದ ಆಳದ ಲೆಕ್ಕವೇ ಇದರ ಜೀವಾಳ.

ಮಂಡ್ಯ ಜಿಲ್ಲೆಯಲ್ಲಿ ಈ ಲೆಕ್ಕವನ್ನು ಬಸರಾಳಿನ ಮಲ್ಲಿಕಾರ್ಜುನ ದೇವಾಲಯದ ಗೋಡೆಗಳಲ್ಲಿ ಕಾಣಬಹುದು. ಹೊಯ್ಸಳ ಇಮ್ಮಡಿ ನರಸಿಂಹನ ಕಾಲದಲ್ಲಿ ಹರಿಹರ ದಂಡನಾಯಕನು 1234ರಲ್ಲಿ ಇದನ್ನು ಕಟ್ಟಿಸಿದನು. ಹೊಯ್ಸಳ ಶಿಲ್ಪಿಗಳು ಆರಿಸಿಕೊಂಡ ಬಳಪದ ಕಲ್ಲು ನೆಲದಿಂದ ತೆಗೆದಾಗ ಮೃದುವಾಗಿದ್ದು, ಗಾಳಿಗೆ ತೆರೆದುಕೊಂಡಂತೆ ಗಡಸಾಗುತ್ತದೆ. ಹೀಗಾಗಿ ಆನೆ, ಕುದುರೆಗಳ ಸಾಲು, ರಾಮಾಯಣ–ಮಹಾಭಾರತದ ಕಥಾಪಟ್ಟಿಕೆಗಳನ್ನು ಸಣ್ಣ ಚಾಣದಿಂದ ಬಿಡಿಸುವುದು ಸಾಧ್ಯವಾಯಿತು. ಮುಖದ ಉದ್ದ ಒಂದು ತಾಳ, ತಾಳಕ್ಕೆ ಹನ್ನೆರಡು ಅಂಗುಲ ಎಂಬ ಪ್ರಮಾಣ ಮೂರ್ತಿಯನ್ನು ಅಳತೆಯಲ್ಲಿಡುತ್ತಿತ್ತು.

ಈ ಕೆಲಸವನ್ನು ಯಂತ್ರಕ್ಕೆ ಒಪ್ಪಿಸುವ ಪ್ರಯತ್ನ 19ನೇ ಶತಮಾನದಲ್ಲಿ ಯುರೋಪಿನ ಟಂಕಸಾಲೆಗಳಲ್ಲಿ ನಡೆಯಿತು. ದೊಡ್ಡ ಮಾದರಿಯ ಮೇಲೆ ಒಂದು ಮೊನೆ ಹರಿದಾಡಿದರೆ, ಅದಕ್ಕೆ ಜೋಡಿಸಿದ ಇನ್ನೊಂದು ಮೊನೆ ಅದೇ ಉಬ್ಬುತಗ್ಗನ್ನು ನಾಣ್ಯದ ಅಚ್ಚಿನ ಗಾತ್ರಕ್ಕೆ ಇಳಿಸಿ ಕೊರೆಯುತ್ತಿತ್ತು. 1952ರಲ್ಲಿ ಅಮೆರಿಕದ ಎಂಐಟಿ, ತೂತು ಹೊಡೆದ ಪಟ್ಟಿಯ ಅಂಕಿಗಳಿಂದಲೇ ಚಲಿಸುವ ಮಿಲ್ಲಿಂಗ್ ಯಂತ್ರವನ್ನು ಪ್ರದರ್ಶಿಸಿತು. ಗಣಕದ ಅಂಕಿಗಳಿಂದ ನಡೆಯುವ ಸಿಎನ್‌ಸಿ ಯಂತ್ರಗಳ ಮೂಲ ಅದು.

ಆ ಅಂಕಿಗಳನ್ನು ಕಲಾವಿದನ ಚಿತ್ರದಿಂದ ಪಡೆಯುವ ತಂತ್ರಾಂಶ ಮುಂದೆ ಬಂತು. ಬ್ರಿಟನ್ನಿನ ಬರ್ಮಿಂಗ್‌ಹ್ಯಾಮ್‌ನ ಡೆಲ್‌ಕ್ಯಾಮ್ ಕಂಪನಿಯ ಆರ್ಟ್‌ಕ್ಯಾಮ್ ಇವುಗಳಲ್ಲಿ ಹೆಸರಾದದ್ದು. ಡೆಲ್‌ಕ್ಯಾಮ್ 2014ರಲ್ಲಿ ಆಟೋಡೆಸ್ಕ್‌ನ ವಶವಾಯಿತು. 2018ರಲ್ಲಿ ಆರ್ಟ್‌ಕ್ಯಾಮ್ ನಿಂತು, ಅದರ ಪರಂಪರೆ ಕಾರ್ವ್‌ಕೋ ಹೆಸರಿನಲ್ಲಿ ಮುಂದುವರಿಯಿತು. ವೆಕ್ಟ್ರಿಕ್‌ನ ಆಸ್ಪೈರ್ ಇದೇ ಬಗೆಯ ಇನ್ನೊಂದು ತಂತ್ರಾಂಶ.

ಇವುಗಳಲ್ಲಿ ಚಿತ್ರದ ಬಿಳುಪು ಎತ್ತರಕ್ಕೆ, ಕಪ್ಪು ತಗ್ಗಿಗೆ ಗುರುತಾಗಬಲ್ಲದು. ಗೆರೆಗಳ ನಡುವಿನ ಜಾಗವನ್ನು ಉಬ್ಬಿಸಿ, ಒಂದು ರೂಪದೊಡನೆ ಇನ್ನೊಂದನ್ನು ಬೆಸೆಯಬಹುದು. ಬಳಿಕ ಉಳಿಯ ದಾರಿ ಸಿದ್ಧವಾಗುತ್ತದೆ: ಮೊದಲು ದಪ್ಪ ಉಳಿ ಹೆಚ್ಚುವರಿ ಮರವನ್ನು ತೆಗೆದರೆ, ಆಮೇಲೆ ಗುಂಡುತುದಿಯ ಸಣ್ಣ ಉಳಿ ಹತ್ತಿರಹತ್ತಿರದ ಸಾಲುಗಳಲ್ಲಿ ನಯಗೊಳಿಸುತ್ತದೆ. ಬಾಗಿಲ ಹಲಗೆಯ ಒಂದೇ ವಿನ್ಯಾಸವನ್ನು ಎಷ್ಟು ಬಾರಿಯಾದರೂ ಹೀಗೆ ಕೆತ್ತಬಹುದು.

ಆದರೆ ಇಂಥ ನಕ್ಷೆಯಲ್ಲಿ ಒಂದು ಬಿಂದುವಿಗೆ ಒಂದೇ ಎತ್ತರ. ಮೂರು ಅಕ್ಷಗಳ ಯಂತ್ರದ ಉಳಿಯೂ ಮೇಲಿನಿಂದ ಮಾತ್ರ ಇಳಿಯುತ್ತದೆ. ಹೊಯ್ಸಳ ಮೂರ್ತಿಯ ಹಾರ ಎದೆಯಿಂದ ಬಿಟ್ಟುಕೊಂಡು ನಿಲ್ಲುವಂತೆ ಒಳಬದಿಯಿಂದ ಕೊರೆಯುವ ಕೆಲಸ ಅದಕ್ಕೆ ಎಟುಕದು; ಅಲ್ಲಿ ಇಂದಿಗೂ ಕೈಚಾಣವೇ ಬೇಕು.