ಗಣಿಯ ಬಾಯಲ್ಲಿ ನಕ್ಕ ಹೆಂಗಸರು

ದಾದಾಸಾಹೇಬ್ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' ತೆರೆ ಕಂಡದ್ದು 1913ರಲ್ಲಿ. ಅದಕ್ಕೂ ಮೂರು ವರ್ಷ ಮೊದಲೇ, 1910ರಲ್ಲಿ, ಇಂಗ್ಲೆಂಡಿನ ಲ್ಯಾಂಕಷೈರ್ ಸೀಮೆಯ ವಿಗನ್‌ನಲ್ಲಿ ಕಲ್ಲಿದ್ದಲು ಗಣಿಯೊಂದಕ್ಕೆ ಕಿನೆಟೊ ಕಂಪೆನಿಯವರು ಕ್ಯಾಮೆರಾ ಒಯ್ದಿದ್ದರು. ಹೀಗೆ ತಯಾರಾದ ಸುಮಾರು ಹತ್ತು ನಿಮಿಷದ ಮೂಕಿ ಚಿತ್ರದ ಹೆಸರು 'ಎ ಡೇ ಇನ್ ದ ಲೈಫ್ ಆಫ್ ಎ ಕೋಲ್ ಮೈನರ್'. ಗಣಿ ಕಾರ್ಮಿಕನ ಒಂದು ದಿನ, ಇಷ್ಟೇ ಕಥೆ.

ಬೆಳಿಗ್ಗೆ ಹೆಂಡತಿ, ಮಕ್ಕಳನ್ನು ಬಿಟ್ಟು ಮನೆಯಿಂದ ಹೊರಡುವ ಕಾರ್ಮಿಕ ದೀಪ ಹಿಡಿದು ಗಣಿಗಿಳಿಯುತ್ತಾನೆ. ಕಲ್ಲಿದ್ದಲು ಮೇಲೆ ಬರುತ್ತದೆ. ಕೊನೆಯ ದೃಶ್ಯದಲ್ಲಿ ಸಿರಿವಂತ ಕುಟುಂಬವೊಂದು ಅಗ್ಗಿಷ್ಟಿಕೆಯ ಮುಂದೆ ಬೆಚ್ಚಗೆ ಕುಳಿತಿದೆ. ನಿರ್ಮಾಪಕರಿಗೆ ಇದರಲ್ಲಿ ಚುಚ್ಚುವ ಉದ್ದೇಶವಿತ್ತೆಂದು ಹೇಳಲಾಗದು. ಇಂದು ನೋಡುವವರಿಗೆ ಮಾತ್ರ ಚುಚ್ಚದೆ ಇರದು.

ಆದರೆ ನೆನಪಿನಲ್ಲಿ ಉಳಿಯುವುದು ಆ ಕಾರ್ಮಿಕನೂ ಅಲ್ಲ, ಆ ಕುಟುಂಬವೂ ಅಲ್ಲ. ಗಣಿಯ ಬಾಯಲ್ಲಿ ದುಡಿಯುವ ಹೆಂಗಸರು. ತಲೆಗೆ ಬಟ್ಟೆ ಸುತ್ತಿಕೊಂಡು ಕಲ್ಲಿದ್ದಲಿನಿಂದ ಕಲ್ಲು ಆರಿಸುವ ಇವರು, ಕ್ಯಾಮೆರಾ ಕಂಡೊಡನೆ ನಕ್ಕುಬಿಡುತ್ತಾರೆ. ಮಸಿ ಹತ್ತಿದ ಮುಖದಲ್ಲಿ ಸಂಕೋಚವೇ ಇಲ್ಲ.

ಇವರು ಗಣಿಯ ಮೇಲೆಯೇ ಏಕೆ ಇದ್ದರು? ಹೆಂಗಸರು ಮತ್ತು ಹತ್ತು ವರ್ಷದೊಳಗಿನ ಹುಡುಗರು ನೆಲದಡಿಯಲ್ಲಿ ದುಡಿಯಕೂಡದೆಂದು 1842ರಲ್ಲಿ ಬ್ರಿಟನ್ನಿನಲ್ಲಿ ಕಾನೂನು ಬಂದಿತ್ತು. ಕತ್ತಲೆಯಲ್ಲಿ ಬಂಡಿ ಎಳೆಯುತ್ತಿದ್ದ ಹೆಂಗಸರ, ಮಕ್ಕಳ ಪಾಡನ್ನು ತನಿಖಾ ವರದಿಯೊಂದು ಬಯಲಿಗೆಳೆದಾಗ ದೇಶವೇ ಬೆಚ್ಚಿಬಿದ್ದಿತ್ತು. ಕೆಳಗಿನ ಕೆಲಸ ತಪ್ಪಿದ ಮೇಲೆ ಗಣಿಯಲ್ಲಿ ಹೆಂಗಸರಿಗೆ ಉಳಿದದ್ದು ಮೇಲಿನ ಕೆಲಸ. ಅದೂ ಗಂಡಸರಿಗಿಂತ ಕಡಿಮೆ ಕೂಲಿಗೆ.

ಗಣಿಯ ಅಪಾಯವನ್ನು ಚಿತ್ರ ಹೆಚ್ಚು ಕೆದಕುವುದಿಲ್ಲ. ಆದರೆ ಅದೇ ವರ್ಷ ಡಿಸೆಂಬರ್ 21ರಂದು ವಿಗನ್‌ಗೆ ಸಮೀಪದ ಪ್ರಿಟೋರಿಯಾ ಗಣಿಯಲ್ಲಿ ಸ್ಫೋಟ ಸಂಭವಿಸಿ 344 ಗಂಡಸರು, ಹುಡುಗರು ಸತ್ತರು. ಬೆಳಿಗ್ಗೆ ಮನೆಯಿಂದ ಹೊರಡುವ ಆ ದೃಶ್ಯವನ್ನು, ಇದು ಗೊತ್ತಿದ್ದವರು ಬೇರೆಯಾಗಿಯೇ ನೋಡುತ್ತಾರೆ.

ಮರುವರ್ಷ, 1911ರಲ್ಲಿ, ಹೊಸ ಗಣಿ ಮಸೂದೆಯ ಚರ್ಚೆಯ ವೇಳೆ, ಗಣಿಯ ಮೇಲಿನ ಕೆಲಸದಿಂದಲೂ ಹೆಂಗಸರನ್ನು ದೂರವಿಡುವ ಪ್ರಸ್ತಾಪ ಎದ್ದಿತು. ಇದು ಹೆಣ್ಣಿಗೆ ತಕ್ಕ ಕೆಲಸವಲ್ಲ ಎಂಬುದು ಅದರ ಪರ ಇದ್ದವರ ವಾದ. ವಿಗನ್‌ನ ಹೆಂಗಸರು ಸುಮ್ಮನೆ ಕೂರಲಿಲ್ಲ. ಅವರ ನಿಯೋಗ ಲಂಡನ್ನಿಗೇ ಹೋಗಿ ತಮ್ಮ ಕೆಲಸ ಕಸಿಯಬೇಡಿ ಎಂದು ಕೇಳಿತು. ಪ್ರಸ್ತಾಪ ಬಿದ್ದುಹೋಯಿತು, ಹೆಂಗಸರು ಕಲ್ಲಿದ್ದಲು ಆರಿಸುವುದನ್ನು ಮುಂದುವರಿಸಿದರು.