ಜಾಲಪುಟ ಹಳೆಯ ಮೋಡ್‌ನಲ್ಲಿ ತೆರೆದುಕೊಂಡರೆ ಏನು ಮಾಡಬೇಕು?

ಬೆಳುಂಕಿ (ಜತ್ತ ತಾಲೂಕು): ಗಡಿ ಭಾಗದ ನಮ್ಮ ಜನರಿಗೆ ಎರಡು ರಾಜ್ಯಗಳ ಜಾಲತಾಣಗಳೂ ಬೇಕು. ಮಹಾಭೂಲೇಖದಲ್ಲಿ ಸಾತಬಾರಾ ಉತಾರ, ವಿಜಯಪುರ ಕಡೆ ಹೊಲವಿದ್ದರೆ ಭೂಮಿ ತಾಣದಲ್ಲಿ ಪಹಣಿ ನೋಡಬೇಕಾಗುತ್ತದೆ. ಅರ್ಜಿ ತುಂಬುವ ಕೊನೆಯ ದಿನವೇ ಯಾವುದೋ ತಾಣದ ಪುಟ ಅಸ್ತವ್ಯಸ್ತವಾಗಿ, ಸಬ್ಮಿಟ್ ಗುಂಡಿ ಕಾಣದೇ ಹೋದರೆ ನಷ್ಟ ನಮ್ಮದೇ. ಇದಕ್ಕೆ ಒಂದು ಕಾರಣ, ಬ್ರೌಸರು ಆ ಪುಟವನ್ನು ಹಳೆಯ ಮೋಡ್‌ನಲ್ಲಿ ತೋರಿಸುವುದು.

ಹಳೆಯ ಮೋಡ್ ಎಂದರೇನು?

1990ರ ದಶಕದಲ್ಲಿ ಒಂದೊಂದು ಬ್ರೌಸರು ಒಂದೊಂದು ರೀತಿ ಪುಟ ತೋರಿಸುತ್ತಿತ್ತು. ನಂತರ ಏಕರೂಪದ ನಿಯಮಗಳು ಬಳಕೆಗೆ ಬಂದವು. ಆದರೆ ಹಳೆಯ ಪುಟಗಳು ಕೆಡಬಾರದೆಂದು ಬ್ರೌಸರುಗಳು ಹಳೆಯ ಪದ್ಧತಿಯನ್ನೂ ಉಳಿಸಿಕೊಂಡವು. ಇದೇ ಕ್ವಿರ್ಕ್ಸ್ ಮೋಡ್. 2009ರಲ್ಲಿ ಬಂದ ಇಂಟರ್ನೆಟ್ ಎಕ್ಸ್‌ಪ್ಲೋರರ್ 8ರಲ್ಲಿ ಇದರ ಜೊತೆಗೆ ಕಂಪ್ಯಾಟಿಬಿಲಿಟಿ ವ್ಯೂ ಸೇರಿತು. 2022ರ ಜೂನ್ 15ರಂದು ಎಕ್ಸ್‌ಪ್ಲೋರರ್ 11ಕ್ಕೆ ಮೈಕ್ರೋಸಾಫ್ಟ್ ಬೆಂಬಲ ನಿಲ್ಲಿಸಿತು. ಈಗ ಹಳೆಯ ತಾಣಗಳಿಗಾಗಿ ಎಡ್ಜ್ ಬ್ರೌಸರಿನೊಳಗೆ ಐಇ ಮೋಡ್ ಇದೆ.

ತಪ್ಪು ನಮ್ಮ ಗಣಕದ್ದೋ, ಪುಟದ್ದೋ?

1. ಅದೇ ಪುಟವನ್ನು ಕ್ರೋಮ್ ಅಥವಾ ಫೈರ್‌ಫಾಕ್ಸ್‌ನಲ್ಲಿ ತೆರೆಯಿರಿ. ಅಲ್ಲಿ ಸರಿಯಿದ್ದರೆ ದೋಷ ನಿಮ್ಮ ಎಡ್ಜ್‌ನ ಸೆಟ್ಟಿಂಗ್‌ನಲ್ಲಿರಬಹುದು.

2. ಎಡ್ಜ್‌ನ ವಿಳಾಸ ಪಟ್ಟಿಯ ಎಡಕ್ಕೆ ಎಕ್ಸ್‌ಪ್ಲೋರರ್‌ನ 'ಇ' ಚಿಹ್ನೆ ಕಂಡರೆ ಪುಟ ಐಇ ಮೋಡ್‌ನಲ್ಲಿದೆ ಎಂದರ್ಥ. ಸೆಟ್ಟಿಂಗ್ಸ್‌ನ ಡಿಫಾಲ್ಟ್ ಬ್ರೌಸರ್ ವಿಭಾಗದಲ್ಲಿ ಐಇ ಮೋಡ್ ಪುಟಗಳ ಪಟ್ಟಿ ಇರುತ್ತದೆ. ಅದರಿಂದ ಆ ವಿಳಾಸವನ್ನು ತೆಗೆದುಹಾಕಿ. ಕಚೇರಿಯ ಗಣಕವಾದರೆ ಈ ಪಟ್ಟಿ ಮೇಲಿನಿಂದಲೇ ಬಂದಿರಬಹುದು, ಆಗ ಅಲ್ಲಿಯ ಗಣಕ ವಿಭಾಗದವರನ್ನೇ ಕೇಳಬೇಕು.

3. ಎಲ್ಲ ಬ್ರೌಸರುಗಳಲ್ಲೂ ಕೆಟ್ಟಿದ್ದರೆ ಫೈರ್‌ಫಾಕ್ಸ್‌ನಲ್ಲಿ ಕಂಟ್ರೋಲ್ ಮತ್ತು ಐ ಕೀಲಿಗಳನ್ನು ಒಟ್ಟಿಗೆ ಒತ್ತಿ. 'ರೆಂಡರ್ ಮೋಡ್' ಎದುರು ಕ್ವಿರ್ಕ್ಸ್ ಎಂದಿದ್ದರೆ ಕಾರಣ ಪುಟದಲ್ಲೇ ಇದೆ. ಸಾಮಾನ್ಯವಾಗಿ ಪುಟದ ಮೊದಲ ಸಾಲಿನಲ್ಲಿರಬೇಕಾದ ಡಾಕ್‌ಟೈಪ್ ಘೋಷಣೆ ಬಿಟ್ಟುಹೋಗಿರುತ್ತದೆ, ಇಲ್ಲವೇ ತೀರ ಹಳೆಯದಾಗಿರುತ್ತದೆ. ಇದನ್ನು ತಾಣದವರೇ ಸರಿಪಡಿಸಬೇಕು. ನೀವು ಬ್ರೌಸರನ್ನು ಎಷ್ಟು ಸಲ ತೆಗೆದು ಹಾಕಿದರೂ ಪ್ರಯೋಜನವಿಲ್ಲ.

ಅಕ್ಷರ ಗೋಜಲಾದರೆ

ಕನ್ನಡದ ಬದಲು ಇಂಗ್ಲಿಷ್ ಅಕ್ಷರ, ಚಿಹ್ನೆಗಳ ಕಲಸುಮೇಲೋಗರ ಕಂಡರೆ ಅದು ಬೇರೆ ರೋಗ. ಯುನಿಕೋಡ್ ಬಳಕೆಗೆ ಬರುವ ಮುನ್ನ ಎಷ್ಟೋ ಕನ್ನಡ, ಮರಾಠಿ ತಾಣಗಳು ತಮ್ಮದೇ ಫಾಂಟ್ ಬಳಸುತ್ತಿದ್ದವು. ಕೆಲವು ತಾಣಗಳ ಫಾಂಟ್ ಎಕ್ಸ್‌ಪ್ಲೋರರ್‌ನಲ್ಲಿ ಮಾತ್ರ ತಾನಾಗಿ ಇಳಿಯುತ್ತಿತ್ತು. ಅಂಥ ಹಳೆಯ ಪುಟ ಓದಲು ಐಇ ಮೋಡ್ ನೆರವಾಗಬಹುದು.

ಎಚ್ಚರಿಕೆ

ಐಇ ಮೋಡ್‌ಗೆ ಸೇರಿಸಿದ ವಿಳಾಸ ಸಾಮಾನ್ಯವಾಗಿ 30 ದಿನಗಳ ನಂತರ ಪಟ್ಟಿಯಿಂದ ಹೋಗುತ್ತದೆ. ನಂಬಿಕೆಯ ತಾಣಕ್ಕೆ ಮಾತ್ರ ಇದನ್ನು ಬಳಸಿ. ದೋಷ ತಾಣದ್ದೇ ಆಗಿದ್ದರೆ ಪರದೆಯ ಚಿತ್ರವನ್ನು ದಿನಾಂಕ, ವೇಳೆ ಸಮೇತ ಉಳಿಸಿಕೊಂಡು, ಕೊನೆಯ ದಿನಕ್ಕೆ ಮುಂಚೆಯೇ ಸಂಬಂಧಪಟ್ಟ ಕಚೇರಿಗೆ ಲಿಖಿತವಾಗಿ ತಿಳಿಸುವುದು ಒಳ್ಳೆಯದು.