ಎಜತ್ ದೆಲಿಜಾನಿ

ಎಜತ್ ದೆಲಿಜಾನಿ (ನಿಧನ: 2011) ಇರಾನಿನಲ್ಲಿ ಜನಿಸಿ ಅಮೆರಿಕ ಸಂಯುಕ್ತ ಸಂಸ್ಥಾನಕ್ಕೆ ವಲಸೆ ಬಂದ ಯಹೂದಿ ಸಮುದಾಯದ ಉದ್ಯಮಿ ಮತ್ತು ಸ್ಥಿರಾಸ್ತಿ ಹೂಡಿಕೆದಾರರು. ಕ್ಯಾಲಿಫೋರ್ನಿಯಾ ರಾಜ್ಯದ ಲಾಸ್ ಏಂಜಲೀಸ್ ನಗರದ ಹಳೆಯ ಪೇಟೆಯಲ್ಲಿರುವ ಬ್ರಾಡ್‌ವೇ ಬೀದಿಯ ನಾಲ್ಕು ಐತಿಹಾಸಿಕ ರಂಗಮಂದಿರಗಳನ್ನು ಕೊಂಡು, ಅವು ನೆಲಸಮವಾಗದಂತೆ ಉಳಿಸಿದವರೆಂದು ಇವರು ಹೆಸರಾಗಿದ್ದಾರೆ. ಆ ನಾಲ್ಕು ಕಟ್ಟಡಗಳು ಪ್ಯಾಲೇಸ್, ಸ್ಟೇಟ್, ಟವರ್ ಮತ್ತು ಲಾಸ್ ಏಂಜಲೀಸ್ ಥಿಯೇಟರ್. ಇವರ ಕುಟುಂಬದ ವ್ಯವಹಾರಗಳು ಡೆಲ್ಸನ್ ಎಂಬ ಹೂಡಿಕೆ ಸಂಸ್ಥೆಯ ಮೂಲಕ ನಡೆದವು. ಇಲ್ಲಿ ಹೇಳುವ ಬ್ರಾಡ್‌ವೇ, ನ್ಯೂಯಾರ್ಕಿನ ಪ್ರಸಿದ್ಧ ನಾಟಕಬೀದಿಯಲ್ಲ. ಹೆಸರು ಮಾತ್ರ ಒಂದೇ.

ಹಿನ್ನೆಲೆ

1979ರ ಇರಾನ್ ಕ್ರಾಂತಿಯ ಆಸುಪಾಸಿನಲ್ಲಿ ಸಾವಿರಾರು ಇರಾನಿಯರು ಲಾಸ್ ಏಂಜಲೀಸಿನಲ್ಲಿ ನೆಲೆಸಿದರು. ನಗರದ ಪಶ್ಚಿಮ ಭಾಗದಲ್ಲಿ ಅವರು ಎಷ್ಟು ದಟ್ಟವಾಗಿ ನೆಲೆಗೊಂಡರೆಂದರೆ, ತೆಹರಾನ್ ಮತ್ತು ಲಾಸ್ ಏಂಜಲೀಸ್ ಎರಡನ್ನೂ ಬೆಸೆದ 'ತೆಹ್ರಾಂಜಲೀಸ್' ಎಂಬ ಹಾಸ್ಯದ ಹೆಸರೇ ಹುಟ್ಟಿಕೊಂಡಿತು. ಅವರಲ್ಲಿ ಗಣನೀಯ ಸಂಖ್ಯೆಯ ಯಹೂದಿ ವ್ಯಾಪಾರಿಗಳು ಹಳೆಯ ಪೇಟೆಯ ಆಭರಣ, ಸಿದ್ಧ ಉಡುಪು ಮತ್ತು ಕಟ್ಟಡ ವ್ಯವಹಾರಗಳಲ್ಲಿ ತೊಡಗಿದರು. ಸ್ಥಳೀಯ ಹಣವಂತರು ಬೆನ್ನು ತಿರುಗಿಸಿದ್ದ ಪೇಟೆಯಲ್ಲಿ ಬಂಡವಾಳ ಹೂಡಿದವರು ಬಹುಮಟ್ಟಿಗೆ ಇಂತಹ ಹೊಸಬರೇ. ದೆಲಿಜಾನಿಯವರೂ ಆ ಸಾಲಿಗೆ ಸೇರುತ್ತಾರೆ.

ಬ್ರಾಡ್‌ವೇ ಬೀದಿಯ ಏಳುಬೀಳು

1910ರಿಂದ 1931ರವರೆಗಿನ ಅವಧಿಯಲ್ಲಿ ಈ ಬೀದಿಯ ಆರೇಳು ಅಡ್ಡರಸ್ತೆಗಳ ಅಂತರದಲ್ಲಿ ಸಾಲಾಗಿ ರಂಗಮಂದಿರಗಳು ಎದ್ದವು. ಎರಡನೆಯ ಮಹಾಯುದ್ಧದ ನಂತರ ಮಧ್ಯಮವರ್ಗದವರು ಹೊರವಲಯದ ಬಡಾವಣೆಗಳಿಗೆ ಹೋದರು. ಮನೆಮನೆಗೆ ದೂರದರ್ಶನ ಬಂದಿತು. ಪೇಟೆಯ ಪಶ್ಚಿಮಕ್ಕಿರುವ ಬಂಕರ್ ಹಿಲ್ ಗುಡ್ಡದ ಹಳೆಯ ಮನೆಗಳನ್ನು ಕೆಡವಿ ಅಲ್ಲಿ ಹೊಸ ಗೋಪುರಗಳನ್ನು ಕಟ್ಟಲಾಯಿತು, ಬ್ಯಾಂಕುಗಳೂ ಕಚೇರಿಗಳೂ ಅತ್ತ ಸರಿದವು. 1950ರ ದಶಕದವರೆಗೆ ಜಾರಿಯಲ್ಲಿದ್ದ 150 ಅಡಿ ಎತ್ತರದ ಮಿತಿಯೂ ತೆಗೆದುಹೋದುದರಿಂದ ಹಳೆಯ, ಗಿಡ್ಡ ಕಟ್ಟಡಗಳಿಗೆ ಬೆಲೆಯಿಲ್ಲದಾಯಿತು. ಈ ಕಡೆಗಣನೆಯಿಂದಲೇ ಅವು ಉಳಿದವು ಎನ್ನುವುದು ವಿಚಿತ್ರವಾದರೂ ನಿಜ. ಬೇಡಿಕೆಯಿದ್ದಿದ್ದರೆ ಎಂದೋ ಕೆಡವಿ ಹೊಸದನ್ನು ಕಟ್ಟುತ್ತಿದ್ದರು. ಸಮೀಪದ ಪರ್ಷಿಂಗ್ ಉದ್ಯಾನದ ಬಳಿಯಿದ್ದ, 1923ರ ಭವ್ಯ ಪ್ಯಾರಮೌಂಟ್ ಮಂದಿರವನ್ನು 1960ರ ದಶಕದ ಆರಂಭದಲ್ಲಿ ಹಾಗೆಯೇ ಕೆಡವಲಾಯಿತು.

ಬೀದಿ ಆದರೂ ಸತ್ತಿರಲಿಲ್ಲ. ಮೆಕ್ಸಿಕೊ ಮೂಲದ ಮತ್ತು ಇತರ ಸ್ಪ್ಯಾನಿಷ್ ಭಾಷಿಕ ಕುಟುಂಬಗಳಿಗೆ ಅದು ನೆಚ್ಚಿನ ಪೇಟೆಯಾಗಿತ್ತು. ಹಲವು ಮಂದಿರಗಳಲ್ಲಿ ದಶಕಗಳ ಕಾಲ ಸ್ಪ್ಯಾನಿಷ್ ಚಿತ್ರಗಳು ತುಂಬಿದ ಸಭೆಗೆ ನಡೆದವು. ಸಂರಕ್ಷಣೆಯ ಕೀರ್ತಿಯನ್ನು ಕಟ್ಟಡದ ಒಡೆಯರಿಗೆ ಮಾತ್ರ ಕೊಡುವ ಬರಹಗಳು ಈ ಪ್ರೇಕ್ಷಕರನ್ನು ಮರೆಯುತ್ತವೆ. ಅವರ ಟಿಕೆಟ್ಟಿನ ಹಣವೇ ಬಹುಕಾಲ ಆ ದೀಪಗಳನ್ನು ಉರಿಸಿತು. ನೆಲಮಹಡಿಯ ಅಂಗಡಿಗಳಿಂದ ಒಳ್ಳೆಯ ಬಾಡಿಗೆ ಬರುತ್ತಿತ್ತು, ಮೇಲಿನ ಮಹಡಿಗಳು ಮಾತ್ರ ಖಾಲಿ ಬಿದ್ದಿದ್ದವು. 1979ರಲ್ಲಿ ಈ ಬೀದಿಯ ರಂಗಮಂದಿರ ವಲಯವು ರಾಷ್ಟ್ರೀಯ ಐತಿಹಾಸಿಕ ತಾಣಗಳ ಪಟ್ಟಿಗೆ ಸೇರಿತು. ಪಟ್ಟಿಯಲ್ಲಿ ಸೇರಿದ ಮಾತ್ರಕ್ಕೆ ಖಾಸಗಿ ಒಡೆಯನೊಬ್ಬ ತನ್ನ ಕಟ್ಟಡವನ್ನು ಕೆಡವದಂತೆ ತಡೆಯಲಾಗದು. ಆದುದರಿಂದ ಒಡೆತನ ಯಾರ ಕೈಯಲ್ಲಿದೆ ಎಂಬುದೇ ನಿರ್ಣಾಯಕವಾಗಿತ್ತು.

ನಾಲ್ಕು ಮಂದಿರಗಳು

ಬ್ರಾಡ್‌ವೇಯ ಹನ್ನೆರಡು ಮಂದಿರಗಳಲ್ಲಿ ನಾಲ್ಕು, ಅಂದರೆ ಮೂರರಲ್ಲಿ ಒಂದು ಪಾಲು, ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ದೆಲಿಜಾನಿಯವರ ಒಡೆತನಕ್ಕೆ ಬಂದವು.

ಇವುಗಳಲ್ಲಿ ಹಿರಿಯದು ಪ್ಯಾಲೇಸ್. ವಾಸ್ತುಶಿಲ್ಪಿ ಜಿ. ಆಲ್ಬರ್ಟ್ ಲ್ಯಾನ್ಸ್‌ಬರ್ಗ್ ವಿನ್ಯಾಸಗೊಳಿಸಿದ ಇದು 1911ರ ಜೂನ್‌ನಲ್ಲಿ ಆರ್ಫಿಯಮ್ ಎಂಬ ಹೆಸರಿನಲ್ಲಿ ತೆರೆಯಿತು. ಹಾಡು, ಕುಣಿತ, ಇಂದ್ರಜಾಲ, ಹಾಸ್ಯ ಎಲ್ಲವೂ ಕೂಡಿದ ವಾಡ್‌ವಿಲ್ ಎಂಬ ಮನರಂಜನೆ ಇಲ್ಲಿ ನಡೆಯುತ್ತಿತ್ತು. ಫ್ಲಾರೆನ್ಸ್ ನಗರದ ಅರಮನೆಗಳನ್ನು ನೆನಪಿಸುವ ಮುಂಭಾಗದಲ್ಲಿ ಗಾನ, ನೃತ್ಯ, ಸಂಗೀತ ಮತ್ತು ನಾಟಕಗಳನ್ನು ಬಿಂಬಿಸುವ ಶಿಲ್ಪಗಳಿವೆ. ಮೈಕೆಲ್ ಜಾಕ್ಸನ್ ಅವರ 'ಥ್ರಿಲ್ಲರ್' ದೃಶ್ಯಗೀತೆಯಲ್ಲಿ ಕಾಣುವ ಚಿತ್ರಮಂದಿರದ ಮುಂಭಾಗ ಇದರದೇ.

1921ರಲ್ಲಿ ತೆರೆದ ಸ್ಟೇಟ್ ಮಂದಿರ ಏಳನೆಯ ಬೀದಿಯ ಮೂಲೆಯಲ್ಲಿ, ಬಹುಮಹಡಿಯ ಇಟ್ಟಿಗೆ ಕಟ್ಟಡವೊಂದರ ಕೆಳಭಾಗದಲ್ಲಿದೆ. 1927ರ ಟವರ್, ಕಿರಿದಾದ ಮೂಲೆ ನಿವೇಶನದಲ್ಲಿ ಸುಮಾರು 900 ಆಸನಗಳನ್ನು ಅಡಕವಾಗಿ ಕೂರಿಸಿದ, ಗಡಿಯಾರ ಗೋಪುರವುಳ್ಳ ಮಂದಿರ. ಎಸ್. ಚಾರ್ಲ್ಸ್ ಲೀ ಎಂಬ ವಾಸ್ತುಶಿಲ್ಪಿಯ ಮೊದಲ ಚಿತ್ರಮಂದಿರವಿದು. ನಗರದಲ್ಲಿ ಮಾತಿನ ಚಿತ್ರಗಳಿಗೆಂದು ಮೊದಲು ಸಜ್ಜಾದ ಮಂದಿರಗಳಲ್ಲಿ ಇದೂ ಸೇರಿದೆ.

ನಾಲ್ಕರಲ್ಲಿ ಅತ್ಯಂತ ವೈಭವದ್ದು ಲಾಸ್ ಏಂಜಲೀಸ್ ಥಿಯೇಟರ್. ಇದರ ವಿನ್ಯಾಸವೂ ಲೀ ಅವರದೇ. ಮಹಾ ಆರ್ಥಿಕ ಕುಸಿತದ ನಡುವೆ, ಆರು ತಿಂಗಳಿಗೂ ಕಡಿಮೆ ಅವಧಿಯಲ್ಲಿ, ಫ್ರಾನ್ಸಿನ ರಾಜಭವನಗಳ ಬರೋಕ್ ಶೈಲಿಯಲ್ಲಿ ಇದನ್ನು ಕಟ್ಟಲಾಯಿತು. ಮೆಟ್ಟಿಲ ಸಾಲಿನ ತುದಿಯಲ್ಲಿ ಸ್ಫಟಿಕದ ಕಾರಂಜಿ, ಯಾವ ಆಸನ ಖಾಲಿಯಿದೆಯೆಂದು ತೋರಿಸುವ ವಿದ್ಯುತ್ ಫಲಕ, ಅಳುವ ಮಕ್ಕಳೊಡನೆ ತಾಯಂದಿರು ಕುಳಿತು ಚಿತ್ರ ನೋಡಲು ಶಬ್ದ ಹೊರಹೋಗದ ಕೊಠಡಿ, ತೆರೆಯ ಮೇಲಿನ ಚಿತ್ರವನ್ನೇ ಕೆಳಗಿನ ವಿಶ್ರಾಂತಿ ಕೋಣೆಯಲ್ಲೂ ಮೂಡಿಸುವ ವ್ಯವಸ್ಥೆ ಇವೆಲ್ಲ ಅಲ್ಲಿದ್ದವು. 1931ರ ಜನವರಿ 30ರಂದು ಚಾರ್ಲಿ ಚಾಪ್ಲಿನ್ ಅವರ 'ಸಿಟಿ ಲೈಟ್ಸ್' ಚಿತ್ರದೊಂದಿಗೆ ಅದು ತೆರೆಯಿತು. ಆಲ್ಬರ್ಟ್ ಐನ್‌ಸ್ಟೈನ್ ಅಂದು ಚಾಪ್ಲಿನ್ನರ ಅತಿಥಿಯಾಗಿದ್ದರು. ಚಿತ್ರದ ನಡುವೆ ಪ್ರದರ್ಶನವನ್ನು ನಿಲ್ಲಿಸಿ, ದೀಪ ಹೊತ್ತಿಸಿ, ಕಟ್ಟಡದ ಸೊಬಗನ್ನು ಗಮನಿಸುವಂತೆ ಸಭೆಗೆ ಸೂಚಿಸಲಾಯಿತೆಂದೂ, ಚಾಪ್ಲಿನ್ ಕೆರಳಿ ಕೆಂಡವಾದರೆಂದೂ ದಾಖಲೆಯಿದೆ. ಮಂದಿರವನ್ನು ಕಟ್ಟಿಸಿದ ಎಚ್. ಎಲ್. ಗುಂಬಿನರ್ ಅದನ್ನು ಬಹುಕಾಲ ಉಳಿಸಿಕೊಳ್ಳಲಾಗಲಿಲ್ಲ. ಇಲ್ಲಿ ದಿನನಿತ್ಯದ ಚಿತ್ರಪ್ರದರ್ಶನ 1994ರಲ್ಲಿ ನಿಂತಿತು.

ಸಂರಕ್ಷಣೆಯ ಸ್ವರೂಪ

ಎರಡು ಸಾವಿರ ಆಸನಗಳ ಒಂಟಿ ತೆರೆಯ ಮಂದಿರವು ಚಿತ್ರಪ್ರದರ್ಶನದಿಂದಷ್ಟೇ ಬದುಕುವುದು ಕಷ್ಟ. ಒಳಾಂಗಣವನ್ನು ಅಂಗಡಿಗಳಾಗಿ ಒಡೆದರೆ ಮಂದಿರವೇ ಹೋಗುತ್ತದೆ. ಪೂರ್ಣವಾಗಿ ಜೀರ್ಣೋದ್ಧಾರ ಮಾಡಲು ಭಾರಿ ಹಣ ಬೇಕು. ಮುಂಭಾಗದ ಅಂಗಡಿಗಳ ಬಾಡಿಗೆ, ಚಿತ್ರೀಕರಣಕ್ಕೆ ಬರುವ ಸಂಸ್ಥೆಗಳ ಶುಲ್ಕ, ಆಗೊಮ್ಮೆ ಈಗೊಮ್ಮೆ ನಡೆಯುವ ವಿಶೇಷ ಸಮಾರಂಭಗಳು ಇಂತಹ ಕಟ್ಟಡಗಳ ಆದಾಯವಾದವು. ಸ್ಟೇಟ್ ಮಂದಿರವನ್ನು ಹಲವು ವರ್ಷ ಸ್ಪ್ಯಾನಿಷ್ ಭಾಷಿಕ ಕ್ರೈಸ್ತ ಸಭೆಯೊಂದು ಬಾಡಿಗೆಗೆ ಪಡೆದಿತ್ತು. ಲಾಸ್ ಏಂಜಲೀಸ್ ಕನ್ಸರ್ವೆನ್ಸಿ ಎಂಬ ಸಂರಕ್ಷಣಾ ಸಂಘವು 1987ರಿಂದ ಬ್ರಾಡ್‌ವೇಯ ಹಳೆಯ ಮಂದಿರಗಳಲ್ಲಿ ವರ್ಷಕ್ಕೊಮ್ಮೆ ಹಳೆಯ ಚಿತ್ರಗಳ ಪ್ರದರ್ಶನಮಾಲೆಯನ್ನು ನಡೆಸುತ್ತ ಬಂದುದರಿಂದ ಹೊಸ ತಲೆಮಾರು ಒಳಗೆ ಕಾಲಿಡುವಂತಾಯಿತು.

ವರ್ಷಾನುಗಟ್ಟಲೆ ಬಾಗಿಲು ಮುಚ್ಚಿದ ಮಂದಿರಗಳು ಬೀದಿಗೆ ಕಳೆ ತರುವುದಿಲ್ಲವೆಂಬ ಆಕ್ಷೇಪ ಬ್ರಾಡ್‌ವೇಯ ಒಡೆಯರ ಕುರಿತು ಇದ್ದೇ ಇತ್ತು. ಅದರಲ್ಲಿ ಹುರುಳಿದೆ. ಆದರೆ ಕಟ್ಟಡವನ್ನು ಕೆಡವದೆ, ಒಳಾಂಗಣವನ್ನು ಸೀಳದೆ, ಕಾಲ ಕೂಡಿಬರುವವರೆಗೆ ಹಿಡಿದಿಟ್ಟುಕೊಳ್ಳುವುದೂ ಸಂರಕ್ಷಣೆಯ ಒಂದು ಬಗೆಯೇ. ಕಾನೂನು ಅನುಕೂಲಕರವಾದದ್ದು ತಡವಾಗಿ. ಹಳೆಯ ಕಟ್ಟಡಗಳನ್ನು ವಾಹನ ನಿಲುಗಡೆಯ ಹೊಸ ಜಾಗ ಒದಗಿಸದೆಯೇ ವಸತಿಗೆ ಮಾರ್ಪಡಿಸಲು ಅವಕಾಶ ಕೊಟ್ಟ ನಗರದ ಮರುಬಳಕೆ ಕಟ್ಟಳೆ ಬಂದದ್ದು 1999ರಲ್ಲಿ. ಅದರಿಂದ ಪೇಟೆಗೆ ನಿವಾಸಿಗಳು ಮರಳಿದರು. ಬ್ರಾಡ್‌ವೇಯ ಪುನಶ್ಚೇತನಕ್ಕೆಂದೇ ನಗರಾಡಳಿತದ ಹತ್ತು ವರ್ಷಗಳ ಯೋಜನೆ ಆರಂಭವಾದದ್ದು 2008ರಲ್ಲಿ.

ಕೊನೆಯ ವರ್ಷ ಮತ್ತು ನಂತರ

2011ರಲ್ಲಿ ಪ್ಯಾಲೇಸ್ ಮಂದಿರಕ್ಕೆ ನೂರು ವರ್ಷ ತುಂಬಿತು. ಆ ಸಂದರ್ಭಕ್ಕೆ ದೆಲಿಜಾನಿ ಕುಟುಂಬವು ಸುಮಾರು 10 ಲಕ್ಷ ಡಾಲರ್ ವೆಚ್ಚದಲ್ಲಿ ಅದನ್ನು ನವೀಕರಿಸಿ ಪ್ರದರ್ಶನಕ್ಕೆ ತೆರೆಯಿತು. ಅದೇ ವರ್ಷ ಎಜತ್ ದೆಲಿಜಾನಿ ನಿಧನರಾದರು. ಟವರ್ ಮಂದಿರವನ್ನು ಆಪಲ್ ಸಂಸ್ಥೆ ಜೀರ್ಣೋದ್ಧಾರಗೊಳಿಸಿ 2021ರ ಜೂನ್‌ನಲ್ಲಿ ತನ್ನ ಮಳಿಗೆಯಾಗಿ ತೆರೆಯಿತು. ಅಲ್ಲಿ ಈಗ ಚಿತ್ರ ತೋರಿಸುವುದಿಲ್ಲ. ಆದರೆ ಒಳಗಿನ ಅಲಂಕಾರಗಳನ್ನು ಟಿಕೆಟ್ಟಿಲ್ಲದೆ ಯಾರು ಬೇಕಾದರೂ ನೋಡಬಹುದು. ಲಾಸ್ ಏಂಜಲೀಸ್ ಥಿಯೇಟರ್ ಚಿತ್ರೀಕರಣ ಮತ್ತು ವಿಶೇಷ ಕಾರ್ಯಕ್ರಮಗಳಿಗೆ ಬಳಕೆಯಾಗುತ್ತ ಬಂದಿದೆ.